ಮೂರು ಸಲ ಕತ್ತರಿಸಿದ ಟೇಪು

ಇವತ್ತಿನ ಮಾತು ಶುರುವಾಗೋದು 1976ರ ಬೇಸಿಗೆಯ ಒಂದು ರಾತ್ರಿ, ಅಜ್ಜಂಪುರದ ಹೊರಗೆ ಬಯಲಲ್ಲಿ ಹಾಕಿದ್ದ ಒಂದು ಟೂರಿಂಗ್ ಟೆಂಟಿನಲ್ಲಿ. ನೆಲದ ಟಿಕೇಟಿನ ಜಾಗದಲ್ಲಿ ಜನ ಕಿಕ್ಕಿರಿದು ಕೂತಿದ್ದಾರೆ. ಬಂದಿರೋದು ರಾಜ್‌ಕುಮಾರ್ ಪಿಕ್ಚರ್ ನೋಡೋಕೆ. ಆದರೆ ಪರದೆ ಮೇಲೆ ಸರ್ಕಾರದ ಸಮಾಚಾರ ಚಿತ್ರ ಓಡ್ತಾ ಇದೆ. ಒಬ್ಬ ಮಂತ್ರಿ ಕತ್ತರಿ ಹಿಡಿದು ಟೇಪ್ ಕತ್ತರಿಸ್ತಾರೆ, ಸುತ್ತಲಿದ್ದವರು ಚಪ್ಪಾಳೆ ತಟ್ಟುತ್ತಾರೆ. ತಕ್ಷಣ ಇನ್ನೊಬ್ಬ ಮಂತ್ರಿ, ಇನ್ನೊಂದು ಊರು, ಇನ್ನೊಂದು ಟೇಪು. ಮತ್ತೆ ಕತ್ತರಿ, ಮತ್ತೆ ಚಪ್ಪಾಳೆ. ಮೂರನೆಯವರು ಬಂದು ಕತ್ತರಿ ಎತ್ತುತ್ತಿದ್ದ ಹಾಗೇ ನೆಲದಿಂದ ಯಾರೋ ‘ಒನ್ಸ್ ಮೋರ್!’ ಅಂತ ಕೂಗಿದ್ರು. ಇಡೀ ಟೆಂಟು ಬಿದ್ದು ಬಿದ್ದು ನಕ್ಕಿತು.

ಆ ರೀಲನ್ನು ಹಾಗೆ ಜೋಡಿಸಿದ್ದವರು ನನ್ನ ಸೋದರಮಾವ. ಆ ಟೆಂಟಿನ ಆಪರೇಟರ್. ಮರುದಿನ ಮಧ್ಯಾಹ್ನದ ಹೊತ್ತಿಗೆ ಅವರ ಕೆಲಸ ಹೋಗಿತ್ತು.

ನಮ್ಮ ಮನೇಲಿ ಇದು ಹಬ್ಬದೂಟ ಆದಮೇಲೆ ಹೇಳಿ ನಗೋ ಕಥೆ. ನಾನೂ ಚಿಕ್ಕಂದಿನಿಂದ ನಕ್ಕವನೇ. ಎಷ್ಟೋ ವರ್ಷ ಆದಮೇಲೆ ಬೆಂಗಳೂರಲ್ಲಿ ಒಂದು ಪ್ರದರ್ಶನಕ್ಕೆ ಹೋಗಿದ್ದೆ. ಪ್ರಯೋಗಾತ್ಮಕ ಕಿರುಚಿತ್ರಗಳು. ಕತೆ ಇಲ್ಲ, ಪಾತ್ರ ಇಲ್ಲ. ಒಂದೇ ಚಲನೆ ಮತ್ತೆ ಮತ್ತೆ. ಸಾಲು, ಶಿಸ್ತು, ಆಜ್ಞೆ, ಪುನರಾವರ್ತನೆ. ಆಮೇಲೆ ಚರ್ಚೆಯಲ್ಲಿ ಒಬ್ಬರು ಎದ್ದು, ಇಂಥ ಚಿತ್ರಗಳು ಹಳ್ಳಿ ಜನಕ್ಕೆ ತಲುಪೋದಿಲ್ಲ, ಹಿಂದೆಂದೂ ತಲುಪಿಲ್ಲ ಅಂದ್ರು. ನನಗೆ ಕೂತಲ್ಲೇ ಅಜ್ಜಂಪುರದ ಟೆಂಟು ನೆನಪಾಯ್ತು. ತಲುಪಿಲ್ಲ ಅನ್ನೋದು ನಿಜ ಅಲ್ಲ. ಹೇಗೆ ಅಲ್ಲ ಅನ್ನೋದೇ ಇವತ್ತಿನ ಕಂತು.

ಮೊದಲು ಟೆಂಟಿನ ವಿಷಯ ಹೇಳಿಬಿಡ್ತೀನಿ. ಈಗಿನವರು ನೋಡಿಲ್ಲ.

ಬೀರೂರು ಜಂಕ್ಷನ್‌ನಲ್ಲಿ ರೈಲು ಹಳಿ ಕವಲೊಡೆಯುತ್ತೆ. ಒಂದು ತರೀಕೆರೆ ಹಾದು ಶಿವಮೊಗ್ಗದ ಕಡೆಗೆ, ಇನ್ನೊಂದು ಅಜ್ಜಂಪುರ ಹಾದು ಚಿಕ್ಕಜಾಜೂರಿನ ಕಡೆಗೆ. ಬೆಂಗಳೂರು ಕಡೆಯಿಂದ ಬರೋರಿಗೆ ಮೊದಲು ಕಡೂರು ಸಿಗುತ್ತೆ. ಈ ಕವಲೇ ಮಾವನ ಟೆಂಟಿನ ಸಾಮ್ರಾಜ್ಯ. ಬೇಸಿಗೆಯಲ್ಲಿ ಒಂದು ಕಡೆ, ಅಂತರಘಟ್ಟೆ ಜಾತ್ರೆ ಹೊತ್ತಿಗೆ ಇನ್ನೊಂದು ಕಡೆ, ಮಳೆಗಾಲದಲ್ಲಿ ಟೆಂಟು ಮಡಚಿ ಗೋದಾಮಿಗೆ. ಪಿಕ್ಚರ್ ಡಬ್ಬಗಳು ರೈಲಲ್ಲೋ ಬಸ್ಸಿನ ಟಾಪ್ ಮೇಲೋ ಬರ್ತಿದ್ವು. ಸ್ಟೇಷನ್ನಿಂದ ಟೆಂಟಿನವರೆಗೆ ಎತ್ತಿನ ಗಾಡಿ.

ಟೆಂಟಿನೊಳಗೆ ಮೂರೇ ವರ್ಣ: ನೆಲ, ಬೆಂಚು, ಕುರ್ಚಿ. ನೆಲ ಅಂದ್ರೆ ನಿಜವಾಗ್ಲೂ ನೆಲ. ಮರಳು ಗುಡ್ಡೆ ಮಾಡಿಕೊಂಡು ಅದರ ಮೇಲೆ ಕೂರೋದು, ಹಿಂದಿನವನು ‘ತಲೆ ಬಗ್ಸೋ’ ಅನ್ನೋದು. ಹೆಂಗಸರಿಗೆ ಬೇರೆ ಕಡೆ, ನಡುವೆ ಒಂದು ತಡಿಕೆ. ಸಂಜೆ ಮೈಕಿನಲ್ಲಿ ಘಂಟಸಾಲ ಅವರ ವೆಂಕಟೇಶನ ಹಾಡು ಹಾಕಿದ್ರೆ ಶೋ ಶುರುವಾಗುತ್ತೆ ಅಂತ ಅರ್ಥ. ಅಡುಗೆ ಮನೆಯಲ್ಲಿ ಮುದ್ದೆ ತಿರುವುತ್ತಿದ್ದವರು ಹಾಡು ಕೇಳಿ ಕೈ ಚುರುಕು ಮಾಡ್ತಿದ್ರು. ಆ ಹಾಡಿನ ನಂತರ ಟಿಕೇಟು, ಟಿಕೇಟಿನ ನಂತರ ಕತ್ತಲೆ, ಕತ್ತಲೆಯ ನಂತರ ಸಮಾಚಾರ ಚಿತ್ರ, ಆಮೇಲೆ ಪಿಕ್ಚರ್. ಈ ಕ್ರಮ ಒಂದು ದಿನವೂ ತಪ್ಪಲಿಲ್ಲ ಅಂತ ಮಾವ ಹೇಳ್ತಾರೆ. ದೇವಸ್ಥಾನದಲ್ಲಾದ್ರೂ ಪೂಜಾರಪ್ಪ ತಡವಾಗಿ ಬರಬಹುದು, ಟೆಂಟಿನಲ್ಲಿ ಹಂಗಿಲ್ಲ ಅನ್ನೋದು ಅವರ ಹೆಮ್ಮೆ.

ಪ್ರೊಜೆಕ್ಟರ್ ಒಂದೇ. ಹಾಗಾಗಿ ಪ್ರತಿ ರೀಲು ಮುಗಿದಾಗಲೂ ದೀಪ ಹಾಕಬೇಕು, ಹೊಸ ರೀಲು ಏರಿಸಬೇಕು. ಕಾರ್ಬನ್ ಕಡ್ಡಿಗಳು ಉರಿದು ಬೆಳಕು ಕೊಡ್ತವೆ. ಅವು ಸವೆದ ಹಾಗೆಲ್ಲ ಹತ್ತಿರಕ್ಕೆ ತರ್ತಾ ಇರಬೇಕು, ಇಲ್ಲದಿದ್ರೆ ಪರದೆ ಮೇಲೆ ರಾಜ್‌ಕುಮಾರ್ ಮುಖ ಕಪ್ಪಾಗುತ್ತೆ, ಕಲ್ಲು ಬೀಳುತ್ತೆ. ಸೆಕೆಂಡಿಗೆ 24 ಚೌಕಗಳು. ಒಂದು ಅಡಿ ಫಿಲ್ಮಿಗೆ 16. ನಿಮಿಷಕ್ಕೆ 90 ಅಡಿ. ಸಾವಿರ ಅಡಿ ರೀಲು ಹೆಚ್ಚು ಕಡಿಮೆ 11 ನಿಮಿಷ. ಮಾವನಿಗೆ ಇವತ್ತಿಗೂ ಗಡಿಯಾರ ಬೇಡ, ಅಡಿ ಲೆಕ್ಕದಲ್ಲೇ ಹೊತ್ತು ಹೇಳ್ತಾರೆ. ‘ಅನ್ನ ಬೇಯೋಕೆ ಇನ್ನೊಂದು ರೀಲು ಐತೆ ಕಣೋ ಅಳಿಯ.’

ಈಗ ಆ ಸಮಾಚಾರ ಚಿತ್ರ ಎಲ್ಲಿಂದ ಬಂತು ನೋಡೋಣ.

ಇದರ ಬೇರು ಎರಡನೇ ಮಹಾಯುದ್ಧದಲ್ಲಿದೆ. 1943ರಲ್ಲಿ ಬ್ರಿಟಿಷ್ ಸರ್ಕಾರ ಡಿಫೆನ್ಸ್ ಆಫ್ ಇಂಡಿಯಾ ನಿಯಮಗಳಿಗೆ 44ಎ ಅಂತ ಒಂದು ಸೇರಿಸಿತು. ಬ್ರಿಟಿಷ್ ಇಂಡಿಯಾದ ಚಿತ್ರಮಂದಿರಗಳು ಪ್ರತಿ ಆಟದಲ್ಲೂ ಸರ್ಕಾರ ಒಪ್ಪಿದ ಚಿತ್ರವನ್ನು ತೋರಿಸಲೇಬೇಕು. ಉದ್ದೇಶ ಗುಟ್ಟೇನಲ್ಲ: ಯುದ್ಧಕ್ಕೆ ಜನರ ಮನಸ್ಸು ತಯಾರು ಮಾಡೋದು. ಕ್ವಿಟ್ ಇಂಡಿಯಾ ಚಳವಳಿ ನಡೆದ ಮರುವರ್ಷ ಇದು. ಕಾಂಗ್ರೆಸ್ಸಿನವರಿಗೆ ಈ ಚಿತ್ರಗಳ ಮೇಲೆ ಸಹಜವಾಗೇ ಸಿಟ್ಟಿತ್ತು. ಯುದ್ಧ ಮುಗಿದ ಮೇಲೆ 1946ರಲ್ಲಿ ಆ ಘಟಕಗಳಿಗೆ ಬೀಗ ಬಿತ್ತು.

ಸ್ವಾತಂತ್ರ್ಯ ಬಂತು. 1948ರಲ್ಲಿ ಅದೇ ಕಾಂಗ್ರೆಸ್ಸಿನ ಸರ್ಕಾರ ಬೊಂಬಾಯಿಯಲ್ಲಿ ಫಿಲ್ಮ್ಸ್ ಡಿವಿಷನ್ ಕಟ್ಟಿತು. ಯುದ್ಧಕಾಲದ ಕಡ್ಡಾಯವೂ ಹೊಸ ಬಟ್ಟೆ ಹಾಕಿಕೊಂಡು ವಾಪಸ್ಸು ಬಂತು. 1952ರ ಸಿನಿಮಾಟೋಗ್ರಾಫ್ ಕಾಯ್ದೆಯ 12ನೇ ಸೆಕ್ಷನ್ ಪ್ರಕಾರ ಶಿಕ್ಷಣದ ಚಿತ್ರ, ಸುದ್ದಿ ಚಿತ್ರ, ಸಾಕ್ಷ್ಯಚಿತ್ರಗಳನ್ನು ತೋರಿಸಿ ಅಂತ ಕೇಂದ್ರ ಸರ್ಕಾರ ಲೈಸೆನ್ಸ್‌ದಾರರಿಗೆ ನಿರ್ದೇಶನ ಕೊಡಬಹುದು. ತೋರಿಸದಿದ್ರೆ ಲೈಸೆನ್ಸಿಗೇ ಸಂಚಕಾರ. ಅಷ್ಟೇ ಅಲ್ಲ, ತೋರಿಸಿದ್ದಕ್ಕೆ ಮಾಲೀಕನೇ ಬಾಡಿಗೆ ಕಟ್ಟಬೇಕು, ವಾರದ ನಿವ್ವಳ ಗಳಿಕೆಯಲ್ಲಿ ಶೇಕಡ 1. ಮಾವನ ಟೆಂಟಿನ ಸಾವ್ಕಾರ್ರು ಇದಕ್ಕೆ ಒಂದು ಮಾತು ಹೇಳ್ತಿದ್ರಂತೆ: ‘ಬೇಡ ಅಂದ ಔಷಧಿನ ಬಾಯಿಗೆ ಹುಯ್ದು, ಲೋಟದ ಬಾಡಿಗೆನೂ ಇಸ್ಕೋತಾರೆ.’

ಪ್ರಿಂಟುಗಳಿಗೂ ಒಂದು ಪ್ರಯಾಣದ ಕ್ರಮ ಇತ್ತು. ಮೊದಲು ದೊಡ್ಡ ನಗರದ ದೊಡ್ಡ ಚಿತ್ರಮಂದಿರ. ಆಮೇಲೆ ಜಿಲ್ಲಾ ಕೇಂದ್ರ, ತಾಲ್ಲೂಕು, ಕಟ್ಟಕಡೆಗೆ ಟೂರಿಂಗ್ ಟೆಂಟು. ನಮ್ಮಲ್ಲಿಗೆ ಬರೋ ಹೊತ್ತಿಗೆ ಸುದ್ದಿ ಸುದ್ದಿಯಾಗಿ ಉಳಿದಿರ್ತಿರಲಿಲ್ಲ. ಬೇಸಿಗೆಯಲ್ಲಿ ಕೂತು ಹಿಂದಿನ ವರ್ಷದ ಪ್ರವಾಹ ನೋಡೋದು. ಯಾವಾಗ್ಲೋ ಮುಗಿದ ಕ್ರಿಕೆಟ್ ಪಂದ್ಯಕ್ಕೆ ಬೆಂಚಿನವರು ಶಿಳ್ಳೆ ಹೊಡೆಯೋದು. ಪ್ರಿಂಟು ನೂರಾರು ಪ್ರೊಜೆಕ್ಟರ್‌ಗಳ ಹಲ್ಲಿಗೆ ಸಿಕ್ಕಿ, ಅಂಚಿನ ತೂತುಗಳು ಹರಿದು, ಮೇಲೆಲ್ಲ ಗೀರು ಬಿದ್ದು, ಕೆಂಡದ ಮಳೆಯ ಹಾಗೆ ಕಾಣ್ತಿತ್ತು. ಹರಿದಲ್ಲಿ ಬ್ಲೇಡಿನಿಂದ ಕೆರೆದು ಅಂಟು ಹಾಕಿ ಜೋಡಿಸಬೇಕು. ಪ್ರತಿ ಜೋಡಣೆಗೂ ಒಂದೆರಡು ಚೌಕ ಹೋಗುತ್ತೆ. ಹೀಗೆ ದೇಶದ ಪ್ರಗತಿ ಬೊಂಬಾಯಿಯಿಂದ ಹೊರಟಾಗ ಸಾವಿರ ಅಡಿ ಇದ್ದದ್ದು ತರೀಕೆರೆಗೆ ಬರೋಷ್ಟರಲ್ಲಿ ಒಂಬೈನೂರು ಚಿಲ್ಲರೆ ಆಗಿರ್ತಿತ್ತು ಅಂತ ಮಾವನ ಲೆಕ್ಕ.

ಜನ ಏನು ಮಾಡ್ತಿದ್ರು? ಬೀಡಿ ಸೇದ್ತಿದ್ರು. ಸರ್ಕಾರ ಕಡ್ಡಾಯ ಮಾಡಿದ ಆ ಹತ್ತು ನಿಮಿಷವನ್ನ ಜನ ಬೀಡಿಗೆ, ಕಡಲೆಕಾಯಿಗೆ, ಮಗುವನ್ನು ಹೊರಗೆ ಕರ್ಕೊಂಡು ಹೋಗೋದಕ್ಕೆ ಮೀಸಲಿಟ್ಟಿದ್ರು. ಬೇಕಂತಲೇ ತಡವಾಗಿ ಬರೋರೂ ಇದ್ರು. ಆದರೆ ಎಲ್ಲಾ ಸಲ ಹಾಗಲ್ಲ. ತರೀಕೆರೆ ತಾಲ್ಲೂಕಿನ ಲಕ್ಕವಳ್ಳಿಯಲ್ಲಿ ಭದ್ರಾ ಅಣೆಕಟ್ಟೆ ಕಟ್ಟಿದ್ರಲ್ಲ, ಅದರ ನೀರಿನಲ್ಲಿ ಹೊಲ ಮನೆ ಮುಳುಗಿ ಎದ್ದು ಬಂದ ಕುಟುಂಬಗಳು ಈ ಸೀಮೆಯಲ್ಲೇ ಇದ್ವು. ಭಾಕ್ರಾ ಅಣೆಕಟ್ಟೆಯ ಚಿತ್ರ ಬಂದಾಗ, ಗೇಟು ತೆರೆದು ನೀರು ಧುಮ್ಮಿಕ್ಕುವಾಗ, ಮಾವ ಕಿಂಡಿಯಿಂದ ನೋಡ್ತಿದ್ರಂತೆ. ಒಂದು ಗುಂಪು ಬೀಡಿ ಆರಿಸಿ ಕೂತಿರ್ತಿತ್ತು. ಮಾತಿಲ್ಲ, ಶಿಳ್ಳೆ ಇಲ್ಲ. ನೀರಿನ ಗಾತ್ರ ನೋಡ್ತಿದ್ರು ಅಷ್ಟೇ.

ಇಲ್ಲಿ ಒಂದು ಸಣ್ಣ ಅಡ್ಡದಾರಿ. ಸರ್ಕಾರ ಲೆಕ್ಕ ಇಟ್ಟು, ಸಾಲಾಗಿ ನಿಲ್ಲಿಸಿ, ಕ್ರಮಕ್ಕೆ ತರೋದು ನಮ್ಮ ಸೀಮೆಗೆ ಹೊಸದೇನಲ್ಲ. ಮೈಸೂರು ಅರಸರ ‘ಬೆಣ್ಣೆ ಚಾವಡಿ’ಯ ದನಗಳಿಗೆ ಟಿಪ್ಪು ‘ಅಮೃತಮಹಲ್’ ಅಂತ ಹೆಸರಿಟ್ಟು, ಅವನ್ನು ಹೇಗೆ ಸಾಕಬೇಕು, ಹೇಗೆ ಪಳಗಿಸಬೇಕು ಅಂತ ಹುಕುಂನಾಮೆಯನ್ನೇ ಹೊರಡಿಸಿದ್ದ. ಆ ತಳಿಯ ಸಾಕಣೆ ಕೇಂದ್ರ ಇವತ್ತಿಗೂ ಇರೋದು ಅಜ್ಜಂಪುರದಲ್ಲಿ. ಫಿರಂಗಿ ಎಳೆಯೋಕೆ ಬೇಕಾದ ದನಗಳು ಅವು. ಆದರೆ ಹತ್ತಿರ ಹೋದ್ರೆ ಕೊಂಬು ಬೀಸೋದೇ ಅವುಗಳ ಖ್ಯಾತಿ. ಪಳಗಿಸೋದಕ್ಕೂ ಪಳಗೋದಕ್ಕೂ ವ್ಯತ್ಯಾಸ ಇದೆ ಅಂತ ನಮ್ಮ ಕಡೆಯವರಿಗೆ ಯಾರೂ ಪಾಠ ಮಾಡಬೇಕಿಲ್ಲ.

ಸರಿ, ಫಿಲ್ಮ್ಸ್ ಡಿವಿಷನ್‌ಗೆ ವಾಪಸ್ಸು ಬರ್ತೀನಿ. ನನಗೆ ಅಚ್ಚರಿ ಹುಟ್ಟಿಸಿದ್ದು ಇಲ್ಲಿಂದ ಮುಂದಿನದು. ಈ ಸಂಸ್ಥೆ ಒಂದು ಇಲಾಖೆ. ಹಾಜರಿ ಪುಸ್ತಕ, ಕಡತ, ಸ್ಕ್ರಿಪ್ಟಿಗೆ ಮೇಲಿನವರ ಒಪ್ಪಿಗೆ. ಭಾರವಾದ ಧ್ವನಿಯ ನಿರೂಪಕ ಎಲ್ಲಾ ಚಿತ್ರದಲ್ಲೂ ಅದೇ ಗತ್ತಿನಲ್ಲಿ ಮಾತಾಡ್ತಾನೆ. ಅಂಥ ಕಟ್ಟಡದೊಳಗೆ 1965ರಿಂದ 67ರವರೆಗೆ ಜಹಾಂಗೀರ್ ಭಾವನಗರಿ ಅನ್ನೋರು ಮುಖ್ಯ ಸಲಹೆಗಾರರಾಗಿ ಕೂತರು. ಪ್ಯಾರಿಸ್‌ನ ಯುನೆಸ್ಕೋದಿಂದ ಬಂದವರು. ಅವರು ಒಳಗಿನ ಹುಡುಗರಿಗೆ ಹೇಳಿದ್ದು ಇಷ್ಟೇ: ಬೇರೆ ರೀತಿ ಮಾಡಿ ನೋಡಿ.

ಮಾಡಿದ್ರು. 1967ರಲ್ಲಿ ಚಿತ್ರಕಾರ ಎಂ.ಎಫ್. ಹುಸೇನ್ ‘ಥ್ರೂ ದ ಐಸ್ ಆಫ್ ಎ ಪೇಂಟರ್’ ಮಾಡಿದ್ರು, ರಾಜಸ್ಥಾನದಲ್ಲಿ. ಒಂದು ಕೊಡೆ, ಒಂದು ಚಪ್ಪಲಿ, ಒಂದು ಲಾಟೀನು. ಅದಕ್ಕೆ ಬರ್ಲಿನ್‌ನಲ್ಲಿ ಕಿರುಚಿತ್ರದ ಚಿನ್ನದ ಕರಡಿ ಬಂತು. ಅದೇ ವರ್ಷ ಎಸ್.ಎನ್.ಎಸ್. ಶಾಸ್ತ್ರಿ ‘ಐ ಆ್ಯಮ್ 20’ ಮಾಡಿದ್ರು. ಸ್ವಾತಂತ್ರ್ಯದ ಜೊತೆಗೇ ಹುಟ್ಟಿದ ಇಪ್ಪತ್ತು ವರ್ಷದ ಹುಡುಗ ಹುಡುಗಿಯರನ್ನು ಕೂರಿಸಿ, ದೇಶದ ಬಗ್ಗೆ ಏನನ್ನಿಸುತ್ತೆ ಅಂತ ಕೇಳಿದ್ರು. ಉತ್ತರ ಎಲ್ಲಾ ಸಿಹಿ ಇರಲಿಲ್ಲ, ಕಹಿಯನ್ನು ಅವರು ಕತ್ತರಿಸಲೂ ಇಲ್ಲ. ಮರುವರ್ಷ ‘ಆ್ಯಂಡ್ ಐ ಮೇಕ್ ಶಾರ್ಟ್ ಫಿಲ್ಮ್ಸ್’. ಸರ್ಕಾರಿ ಸಂಬಳದ ಒಬ್ಬ ನಿರ್ದೇಶಕ, ನಾನು ಮಾಡ್ತಿರೋದಾದ್ರೂ ಏನು ಅಂತ ಸರ್ಕಾರದ ಫಿಲ್ಮಿನಲ್ಲೇ ತನ್ನನ್ನು ಕೇಳಿಕೊಳ್ಳೋ ಚಿತ್ರ.

ನನಗೆ ಎಲ್ಲರಿಗಿಂತ ಇಷ್ಟ ಪ್ರಮೋದ್ ಪತಿ. ಒರಿಸ್ಸಾದವರು, 1932ರಲ್ಲಿ ಹುಟ್ಟಿ 1975ರಲ್ಲೇ ತೀರಿಕೊಂಡ್ರು. ಪ್ರಾಗ್ ನಗರಕ್ಕೆ ಹೋಗಿ ಬೊಂಬೆ ಚಿತ್ರಗಳ ಮಹಾಗುರು ಯಿರ್ಜಿ ತ್ರ್ಣ್‌ಕಾ ಹತ್ತಿರ ಕಲಿತು ಬಂದಿದ್ದರು. 1968ರ ಅವರ ‘ಎಕ್ಸ್‌ಪ್ಲೋರರ್’ ಸುಮಾರು ಏಳು ನಿಮಿಷದ್ದು. ನಿರೂಪಕನ ಧ್ವನಿ ಇಲ್ಲವೇ ಇಲ್ಲ. ಕುಣಿಯೋ ಯುವಕರು, ಪ್ರಯೋಗಾಲಯ, ದೇವರು, ಯಂತ್ರ, ಎಲ್ಲಾ ಕಣ್ಣಿಗೆ ಹೊಡೆದ ಹಾಗೆ ಬಂದು ಹೋಗ್ತವೆ, ಮತ್ತೆ ಬರ್ತವೆ. ಒಂದು ತಲೆಮಾರಿನ ತಲೆಯೊಳಗೆ ಕ್ಯಾಮೆರಾ ಬಿಟ್ಟ ಹಾಗಿದೆ. 1972ರ ‘ಅಬೀದ್’ನಲ್ಲಿ ಕಲಾವಿದ ಅಬೀದ್ ಸುರತಿ ಒಂದು ಖಾಲಿ ಕೋಣೆಗೆ ಬಣ್ಣ ಬಳಿಯುತ್ತಾರೆ. ಆದರೆ ಮನುಷ್ಯ ಓಡಾಡೋ ಹಾಗೆ ಓಡಾಡಲ್ಲ. ಜಿಗೀತಾರೆ, ಮಾಯವಾಗ್ತಾರೆ, ಬೊಂಬೆಯ ಹಾಗೆ ತಿರುಗ್ತಾರೆ. ಮನುಷ್ಯನನ್ನು ನಿಲ್ಲಿಸಿ ಒಂದು ಚೌಕ ಹಿಡಿಯೋದು, ಸ್ವಲ್ಪ ಸರಿಸಿ ಇನ್ನೊಂದು ಚೌಕ ಹಿಡಿಯೋದು. ಆ ತಂತ್ರ ಅದು. ಕೆನಡಾದ ನಾರ್ಮನ್ ಮೆಕ್ಲಾರೆನ್ 1952ರಲ್ಲಿ ‘ನೇಬರ್ಸ್’ ಅನ್ನೋ ಚಿತ್ರದಲ್ಲಿ ಹೀಗೆ ಮಾಡಿ ಹೆಸರಾಗಿದ್ದರು. ಕುಟುಂಬ ಯೋಜನೆಯ ಪ್ರಚಾರಕ್ಕೂ ಪತಿ ಇದೇ ತಂತ್ರ ಬಳಸಿದ್ರು.

ಮಾವನಿಗೆ ಇವರ ಹೆಸರೊಂದೂ ಗೊತ್ತಿಲ್ಲ. ಆದರೆ ‘ಮನುಷ್ಯರು ಬೊಂಬೆ ತರ ಜಿಗಿಯೋ ರೀಲು’ ಗೊತ್ತು. ‘ಕಡೂರಲ್ಲಿ ಹಾಕಿದಾಗ ಜನ ನಂಗೇ ಬೈದ್ರು ಕಣೋ. ಆಪರೇಟ್ರೇ, ರೀಲ್ ಹಾರ್ತೈತೆ, ಸರಿಯಾಗಿ ಹಾಕು ಅಂತ. ನಾನೂ ಮಿಷನ್ ಹಲ್ಲು ಮುರೀತೇನೋ ಅಂತ ನಿಲ್ಸಿ ನೋಡಿದೆ. ಫಿಲ್ಮ್ ನೆಟ್ಟಗಿತ್ತು.’ ಎರಡನೇ ಆಟದಲ್ಲಿ ಯಾರೂ ಬೈಯಲಿಲ್ಲವಂತೆ. ಮೂರನೇ ದಿನ ಅದೇ ನೋಡೋಕೆ ಹುಡುಗರು ಬೇಗ ಬಂದಿದ್ರು. ಬೆಂಗಳೂರಿನ ಆ ಚರ್ಚೆಯಲ್ಲಿ ಎದ್ದು ನಿಂತು ನಾನು ಹೇಳಬೇಕಿದ್ದದ್ದು ಇದು. ಹೇಳಲಿಲ್ಲ, ಸಂಕೋಚ.

ಈ ಚಿತ್ರಗಳ ವಿಚಿತ್ರ ಸ್ಥಿತಿ ನೋಡಿ. ಬೇರೆ ದೇಶದಲ್ಲಿ ಪ್ರಯೋಗ ಚಿತ್ರ ಮಾಡೋರು ಸ್ವಂತ ಕಾಸು ಹಾಕಿ, ನಾಲ್ಕು ಜನ ಗೆಳೆಯರಿಗೆ ತೋರಿಸ್ತಿದ್ದ ಕಾಲ. ನಮ್ಮಲ್ಲಿ ಅವಕ್ಕೆ ದುಡ್ಡು ಕೊಟ್ಟದ್ದು ಸರ್ಕಾರ. ಆ ಸರ್ಕಾರದ ಕೈಯಲ್ಲಿ ಇಡೀ ದೇಶದ ಪರದೆಗಳಿದ್ವು. ಕಡ್ಡಾಯದ ಹಳಿ ಮೇಲೇ ಇಂಥ ಚಿತ್ರಕ್ಕೂ ಕಡೂರಿನ ಟೆಂಟಿಗೆ ಬರೋ ದಾರಿ ಇತ್ತು. ಹಿಡಿತದ ಬಗ್ಗೆ ತಕರಾರು ಎತ್ತೋ ಚಿತ್ರ, ಹಿಡಿತ ಇಲ್ಲದಿದ್ರೆ ಊರು ದಾಟ್ತಿರಲಿಲ್ಲ. ನಾನು ಇದನ್ನು ಹೊಗಳ್ತಾ ಇಲ್ಲ. ಹೊಗಳೋಕೆ ಆಗದಿರೋ ಹಾಗೆ ಮಾಡಿದ್ದು 1975.

ಜೂನ್ 25ರ ರಾತ್ರಿ ತುರ್ತುಪರಿಸ್ಥಿತಿ ಬಂತು. ಅದೇ ಪರದೆ, ಅದೇ ಹತ್ತು ನಿಮಿಷ, ಅದೇ ಗತ್ತಿನ ಧ್ವನಿ. ಈಗ ಅದರ ತುಂಬ ಇಪ್ಪತ್ತು ಅಂಶಗಳ ಕಾರ್ಯಕ್ರಮ. ಫಿಲ್ಮ್ಸ್ ಡಿವಿಷನ್‌ಗೆ ಒಳ್ಳೊಳ್ಳೆ ಚಿತ್ರ ಮಾಡಿಕೊಟ್ಟಿದ್ದ ಸುಖದೇವ್, 1967ರಲ್ಲಿ ನಿರೂಪಕನೇ ಇಲ್ಲದೆ ‘ಇಂಡಿಯಾ 67’ ಮಾಡಿದ್ದವರು, ಈಗ ತುರ್ತುಪರಿಸ್ಥಿತಿಯ ಪರವಾಗಿ ‘ಥಂಡರ್ ಆಫ್ ಫ್ರೀಡಂ’ ಮಾಡಿದ್ರು. ನಮ್ಮ ‘ಸಂಸ್ಕಾರ’ದ ನಟಿ ಸ್ನೇಹಲತಾ ರೆಡ್ಡಿ ಬೆಂಗಳೂರು ಜೈಲಿನಲ್ಲಿದ್ದರು, ಪೆರೋಲಿನ ಮೇಲೆ ಹೊರಬಂದ ಕೆಲವೇ ದಿನಕ್ಕೆ, 1977ರ ಜನವರಿಯಲ್ಲಿ ತೀರಿಕೊಂಡರು. ಊರುಗಳ ಗೋಡೆ ಮೇಲೆ ಕೆಂಪು ತ್ರಿಕೋನ, ಪಕ್ಕದಲ್ಲಿ ‘ಆರತಿಗೊಬ್ಬಳು, ಕೀರ್ತಿಗೊಬ್ಬ’. ಹಿಂದೆ ಜನ ಅದನ್ನ ನೋಡಿ ನಗ್ತಿದ್ರು. 76ರಲ್ಲಿ ಆ ನಗು ನಿಂತಿತ್ತು. ಯಾರಿಗೆ ಆಪರೇಷನ್ ಆಯ್ತು, ಯಾರನ್ನ ಒಪ್ಪಿಸಿದ್ರು ಅಂತ ಪಿಸುಮಾತು.

ಇನ್ನು ಆ ರಾತ್ರಿಯ ರೀಲು.

ಹಿಂದಿನ ಟೆಂಟಿನವರು ಸಮಾಚಾರ ಚಿತ್ರದ ಪ್ರಿಂಟನ್ನು ಬಹಳ ಕೆಟ್ಟದಾಗಿ ಹರಿದು ಕಳಿಸಿದ್ದರು. ನಡುವೆ ಎಷ್ಟೋ ಅಡಿ ಇಲ್ಲವೇ ಇಲ್ಲ. ವಾಪಸ್ಸು ಕಳಿಸುವಾಗ ಅಡಿ ಕಡಿಮೆ ಬಂದ್ರೆ ಅದರ ದುಡ್ಡು ಸಾವ್ಕಾರ್ರ ತಲೆಗೆ, ಸಾವ್ಕಾರ್ರಿಂದ ಮಾವನ ಸಂಬಳಕ್ಕೆ. ಮಾವನ ಹತ್ತಿರ ಒಂದು ತಗಡಿನ ಡಬ್ಬ ಇತ್ತು. ವರ್ಷಗಟ್ಟಲೆ ಜೋಡಣೆ ಮಾಡುವಾಗ ಉಳಿದ ತುಂಡುಗಳು. ಅದರಿಂದ ತೆಗೆದು ತೆಗೆದು ಖಾಲಿ ಜಾಗ ತುಂಬಿಸಿದ್ರು. ಸಮಾಚಾರ ಚಿತ್ರದ ತುಂಡು ಅಂದಮೇಲೆ ಅದರಲ್ಲಿ ಇನ್ನೇನಿರುತ್ತೆ? ಟೇಪ್ ಕತ್ತರಿಸೋದು. ಹಾರ ಹಾಕೋದು. ಚಪ್ಪಾಳೆ. ರೈಲಿಗೆ ಹಸಿರು ಬಾವುಟ. ಮತ್ತೆ ಟೇಪ್ ಕತ್ತರಿಸೋದು. ಬೇರೆ ಬೇರೆ ವರ್ಷದ, ಬೇರೆ ಬೇರೆ ಊರಿನ ದೃಶ್ಯಗಳು ಒಂದರ ಹಿಂದೆ ಒಂದು ಬಂದಾಗ, ಅಷ್ಟು ವರ್ಷ ಯಾರಿಗೂ ಕಾಣದ್ದು ಇಡೀ ಟೆಂಟಿಗೆ ಒಟ್ಟಿಗೆ ಕಂಡುಬಿಟ್ಟಿತು: ಎಲ್ಲಾ ಒಂದೇ ದೃಶ್ಯ. ನಿರೂಪಕನ ಮಾತೂ ಅರ್ಧರ್ಧ ತುಂಡಾಗಿ, ಒಬ್ಬ ಮಂತ್ರಿಯ ವಾಕ್ಯ ಇನ್ನೊಬ್ಬರ ಕತ್ತರಿ ಮೇಲೆ ಹೋಗಿ ಮುಗೀತಿತ್ತು.

ಮೂರನೇ ಟೇಪು ಒಂದು ಕುಟುಂಬ ಯೋಜನೆ ಶಿಬಿರದ್ದು. ಜನ ಹೆದರಿದ್ದ ಆ ಕೆಂಪು ತ್ರಿಕೋನದ ಮುಂದೆ ಕತ್ತರಿ ಎದ್ದಾಗ ಬಂದದ್ದು ಆ ‘ಒನ್ಸ್ ಮೋರ್’. ಆಮೇಲಿನ ನಗು ಬರೀ ತಮಾಷೆಯ ನಗು ಅಲ್ಲ ಅಂತ ನಾನು ಅಂದುಕೊಂಡಿದ್ದೀನಿ. ಬಾಯಿ ಕಟ್ಟಿಕೊಂಡಿದ್ದವರು ಕತ್ತಲಲ್ಲಿ ಒಟ್ಟಿಗೆ ನಕ್ಕದ್ದು ಅದು. ಯಾರ ಮುಖವೂ ಕಾಣದ ಕತ್ತಲೆ.

ಹೊರಗಿನ ಪ್ರಪಂಚದಲ್ಲಿ ಇದನ್ನೇ ಗೊತ್ತಿದ್ದು ಮಾಡಿದವರಿದ್ದಾರೆ. 1942ರಲ್ಲಿ ಇಂಗ್ಲೆಂಡಿನ ಚಾರ್ಲ್ಸ್ ರಿಡ್ಲಿ, ನಾಜಿಗಳ ಪ್ರಚಾರ ಚಿತ್ರ ‘ಟ್ರಯಂಫ್ ಆಫ್ ದ ವಿಲ್’ನ ತುಂಡುಗಳನ್ನ ತೆಗೆದುಕೊಂಡು, ಕಾಲೆತ್ತಿ ನಡೆಯೋ ಸೈನಿಕರನ್ನು ಹಿಂದೆ ಮುಂದೆ ಓಡಿಸಿ, ಅದಕ್ಕೊಂದು ಕುಣಿತದ ಹಾಡು ಹಾಕಿದ. ಭಯ ಹುಟ್ಟಿಸ್ತಿದ್ದ ಕವಾಯತು ಎರಡೇ ನಿಮಿಷದಲ್ಲಿ ಕೋಡಂಗಿ ಕುಣಿತ ಆಯ್ತು. 1958ರಲ್ಲಿ ಅಮೆರಿಕದ ಬ್ರೂಸ್ ಕಾನರ್ ಹಳೇ ಸಮಾಚಾರ ಚಿತ್ರಗಳ ತುಂಡುಗಳಿಂದಲೇ ‘ಎ ಮೂವಿ’ ಕಟ್ಟಿದ. 1961ರಲ್ಲಿ ಕೆನಡಾ ಸರ್ಕಾರದ ಫಿಲ್ಮ್ ಬೋರ್ಡಿನ ನೌಕರ ಆರ್ಥರ್ ಲಿಪ್‌ಸೆಟ್, ಬೇರೆಯವರು ಬುಟ್ಟಿಗೆ ಎಸೆದಿದ್ದ ಧ್ವನಿ ತುಣುಕುಗಳನ್ನ ಆಯ್ದು ‘ವೆರಿ ನೈಸ್, ವೆರಿ ನೈಸ್’ ಮಾಡಿದ. ಅದು ಆಸ್ಕರ್ ನಾಮಕರಣದವರೆಗೆ ಹೋಯ್ತು. ಮೂವರ ಉಪಾಯವೂ ಒಂದೇ. ಅಧಿಕಾರಕ್ಕೆ ಉತ್ತರ ಕೊಡೋಕೆ ಹೊಸ ಚಿತ್ರ ತೆಗೆಯಬೇಕಿಲ್ಲ, ಅದರ ಚಿತ್ರವನ್ನೇ ಎರಡು ಸಲ ತೋರಿಸಿದ್ರೆ ಸಾಕು. ಲಿಪ್‌ಸೆಟ್‌ನ ಬುಟ್ಟಿಗೂ ಮಾವನ ತಗಡಿನ ಡಬ್ಬಕ್ಕೂ ನನಗೆ ಹೆಚ್ಚು ವ್ಯತ್ಯಾಸ ಕಾಣೋದಿಲ್ಲ. ಒಂದು ಆಸ್ಕರ್ ತನಕ ಹೋಯ್ತು, ಇನ್ನೊಂದು ಅಜ್ಜಂಪುರದಲ್ಲೇ ಮುಗೀತು ಅಷ್ಟೇ.

ಆ ದಿನ ಕುರ್ಚಿಯಲ್ಲಿ ಒಬ್ಬರು ಸರ್ಕಾರಿ ನೌಕರರು ಕೂತಿದ್ರು. ಪಾಸಿನ ಗಿರಾಕಿ. ಅವರು ನಗಲಿಲ್ಲ. ಬೆಳಿಗ್ಗೆ ಸಾವ್ಕಾರ್ರಿಗೆ ಕರೆ ಬಂತು. ಲೈಸೆನ್ಸಿನ ಪ್ರಶ್ನೆ. ಸಾವ್ಕಾರ್ರು ಕೆಟ್ಟವರಲ್ಲ, ಅವರಿಗೆ ಹನ್ನೆರಡು ಜನ ಕೆಲಸದವರು, ಒಂದು ಟೆಂಟು, ಮುಂದೆ ಮಳೆಗಾಲ. ಮಧ್ಯಾಹ್ನ ಮಾವನ ಕೈಗೆ ಆ ತಿಂಗಳ ಸಂಬಳ ಪೂರ್ತಿ ಕೊಟ್ಟು, ‘ಸ್ವಲ್ಪ ದಿನ ಊರಿಗೆ ಹೋಗಿರಪ್ಪ’ ಅಂದ್ರು. ಆ ಸ್ವಲ್ಪ ದಿನ ಮುಗಿಯಲೇ ಇಲ್ಲ. ಮಾವ ತರೀಕೆರೆಯಲ್ಲಿ ಸೈಕಲ್ ಶಾಪ್ ಇಟ್ಟರು. 1977ರಲ್ಲಿ ಚುನಾವಣೆ ಆಗಿ ಸರ್ಕಾರ ಬಿತ್ತು, ಸಮೂಹ ಮಾಧ್ಯಮಗಳ ದುರುಪಯೋಗದ ಬಗ್ಗೆ ಶ್ವೇತಪತ್ರವೇ ಹೊರಬಂತು. ಅದರಲ್ಲಿ ಟೆಂಟಿನ ಆಪರೇಟರ್‌ಗಳ ಹೆಸರು ಇರೋಕೆ ಸಾಧ್ಯ ಇಲ್ಲವಲ್ಲ.

ಬೇಕಂತಲೇ ಜೋಡಿಸಿದ್ರಾ? ನಾನು ಕೇಳಿದಾಗೆಲ್ಲ ಬೇರೆ ಉತ್ತರ. ಚಿಕ್ಕವನಿದ್ದಾಗ ಕೇಳಿದ್ದಕ್ಕೆ, ‘ಕರೆಂಟಿರ್ಲಿಲ್ಲ, ಬುಡ್ಡಿ ಬೆಳಕಲ್ಲಿ ಕೈಗೆ ಸಿಕ್ಕಿದ್ದು ಅಂಟಿಸ್ದೆ’. ಕಾಲೇಜಿನಲ್ಲಿದ್ದಾಗ, ‘ಅಡಿ ಲೆಕ್ಕ ಸರಿ ಮಾಡ್ಬೇಕಿತ್ತು’. ಅತ್ತೆ ತೀರಿಕೊಂಡ ಮೇಲೆ ಒಂದು ಸಂಜೆ, ನಾನು ಕೇಳದೇನೇ, ‘ಮೊದಲ್ನೇ ಟೇಪು ಅಂಟಿಸ್ದಾಗ ಗೊತ್ತಿರ್ಲಿಲ್ಲ. ಮೂರ್ನೇದು ಅಂಟಿಸೋವಾಗ ಗೊತ್ತಿತ್ತು’ ಅಂದ್ರು. ಅಷ್ಟೇ ಹೇಳಿ ಎದ್ದು ಹೋದ್ರು.

ಮುಂದಿನದ್ದು ಬೇಗ ಹೇಳಿಬಿಡ್ತೀನಿ. ಟಿವಿ ಬಂತು, ವಿಡಿಯೋ ಬಂತು, ಟೆಂಟುಗಳು ಒಂದೊಂದಾಗಿ ಮಡಚಿಕೊ೦ಡವು. ಕಡ್ಡಾಯ ಪ್ರದರ್ಶನದ ವಿರುದ್ಧ ಚಿತ್ರೋದ್ಯಮದವರು ನ್ಯಾಯಾಲಯಕ್ಕೆ ಹೋದ್ರು. 1999ರಲ್ಲಿ ಸುಪ್ರೀಂ ಕೋರ್ಟು ಕಡ್ಡಾಯವನ್ನೇ ಎತ್ತಿಹಿಡಿಯಿತು. ತಿಳಿವಳಿಕೆ ಕೊಡೋ ಚಿತ್ರ ತೋರಿಸಿ ಅನ್ನೋದು ವಾಕ್ ಸ್ವಾತಂತ್ರ್ಯಕ್ಕೆ ಪೂರಕ ಅಂತ. ತೀರ್ಪು ಗೆದ್ದಿತು, ಆದರೆ ಅಷ್ಟರಲ್ಲಿ ನಮ್ಮ ಕಡೆ ತೋರಿಸೋಕೆ ಪರದೆಗಳೇ ಕಮ್ಮಿಯಾಗಿದ್ವು. 2022ರಲ್ಲಿ ಫಿಲ್ಮ್ಸ್ ಡಿವಿಷನ್ ಎನ್‌ಎಫ್‌ಡಿಸಿ ಜೊತೆ ವಿಲೀನ ಆಯ್ತು. ಈಗ ಪತಿ, ಶಾಸ್ತ್ರಿಯವರ ಚಿತ್ರಗಳನ್ನು ನೋಡೋರು ಸಿನಿಮಾ ವಿದ್ಯಾರ್ಥಿಗಳು, ಗ್ಯಾಲರಿಗೆ ಹೋಗೋರು. ಬಲವಂತವಾಗಿ ಆದ್ರೂ ಸರಿ, ಬೀಡಿ ಸೇದುತ್ತಾ ಆದ್ರೂ ಸರಿ, ಮೂರನೇ ದಿನ ಬೇಗ ಬಂದು ಕೂತ ಆ ಹುಡುಗರ ಜಾಗಕ್ಕೆ ಯಾರೂ ಬಂದಿಲ್ಲ. ಆ ಪ್ರೇಕ್ಷಕರು ಮತ್ತೆ ಬೇಕು ಅನ್ಸುತ್ತೆ. ಆ ಕಾನೂನು ಬೇಕಾ ಅಂದ್ರೆ, ಮಾವನ ಮುಖ ನೋಡಿ ಹೂಂ ಅನ್ನೋಕೆ ನನಗೆ ಬಾಯಿ ಬರೋದಿಲ್ಲ.

ಹೋದ ದೀಪಾವಳಿಗೆ ತರೀಕೆರೆಗೆ ಹೋದಾಗ ‘ಎಕ್ಸ್‌ಪ್ಲೋರರ್’ ಚಿತ್ರವನ್ನ ಫೋನಿನಲ್ಲಿ ಹಾಕಿ ಮಾವನಿಗೆ ತೋರಿಸಿದೆ. ಕನ್ನಡಕ ಏರಿಸಿಕೊಂಡು ನೋಡಿದ್ರು. ಏಳು ನಿಮಿಷ ಮಾತಿಲ್ಲ. ಚೌಕಗಳು ಚಟಚಟ ಬದಲಾಗೋ ಕಡೆ ಬಲಗೈ ಹೆಬ್ಬೆರಳು ತೋರುಬೆರಳು ತಾವಾಗೇ ಉಜ್ಜಿಕೊಳ್ತಿದ್ವು, ಫಿಲ್ಮಿನ ಅಂಚು ಹಿಡಿದು ತಪಾಸಣೆ ಮಾಡೋ ಹಾಗೆ. ಮುಗಿದ ಮೇಲೆ ಫೋನ್ ವಾಪಸ್ಸು ಕೊಟ್ಟು ಕೇಳಿದ್ರು:

‘ಇಷ್ಟೊಂದು ಜಾಯಿಂಟು. ಒಂದು ಕಡೆನೂ ಹಾರ್ಲಿಲ್ವಲ್ಲೋ. ಯಾರೋ ಇದನ್ನ ಅಂಟಿಸ್ದೋನು?’